ನಾಡಿ, ಉಸಿರು, ಆಕ್ಸಿಜನ್: ಮನೆಯಲ್ಲೇ ಸರಿಯಾಗಿ ನೋಡುವುದು ಹೇಗೆ?

ನಮ್ಮ ಅಡುಗೆಮನೆ ಬಾಗಿಲ ಪಕ್ಕ ಒಂದು ಕ್ಯಾಲೆಂಡರ್ ತೂಗಾಡುತ್ತದೆ. ಹಾಲಿನ ಲೆಕ್ಕ, ಗ್ಯಾಸ್ ಬಂದ ದಿನ, ಸಂಕಷ್ಟಿ ಎಲ್ಲಾ ಅದರಲ್ಲೇ. 2021ರ ನಂತರ ಪ್ರತಿ ತಿಂಗಳ ಮೊದಲ ಭಾನುವಾರದ ಚೌಕದಲ್ಲಿ ಇನ್ನೊಂದು ಸಾಲು ಸೇರಿಕೊಂಡಿದೆ. ಪೆನ್ಸಿಲ್‌ನಲ್ಲಿ, ಸಣ್ಣದಾಗಿ: ಅಮ್ಮ 76, 16, 98. ಅಪ್ಪ 60, 18, 95.

ಮೊದಲನೆಯದು ನಿಮಿಷಕ್ಕೆ ನಾಡಿ ಎಷ್ಟು, ಎರಡನೆಯದು ನಿಮಿಷಕ್ಕೆ ಉಸಿರು ಎಷ್ಟು, ಮೂರನೆಯದು ರಕ್ತದಲ್ಲಿ ಆಕ್ಸಿಜನ್ ಶೇಕಡಾ ಎಷ್ಟು. ಇಬ್ಬರೂ ಆರಾಮಾಗಿರುವಾಗ ತೆಗೆದ ಲೆಕ್ಕ ಇದು. ಕಾಯಿಲೆ ಬಿದ್ದಾಗ ಎಲ್ಲರೂ ಎಣಿಸುತ್ತಾರೆ. ಚೆನ್ನಾಗಿರುವಾಗ ಎಣಿಸಿ ಬರೆದಿಡುವವರು ಕಡಿಮೆ. ಆದರೆ ಆಸ್ಪತ್ರೆಗೆ ಹೋದ ಕೂಡಲೇ ಕೇಳುವುದು ಇದನ್ನೇ, "ಇವರಿಗೆ ಮಾಮೂಲಿ ಎಷ್ಟಿರುತ್ತೆ?" ಅಪ್ಪನಿಗೆ 95 ಮಾಮೂಲು. ವರ್ಷಗಟ್ಟಲೆ ಬೀಡಿ ಸೇದಿದ ಶ್ವಾಸಕೋಶ ಅದು. ಅಮ್ಮನಿಗೆ ಅದೇ 95 ಬಂದರೆ ನಾನು ಇನ್ನೊಮ್ಮೆ ನೋಡುತ್ತೇನೆ. ಅಪ್ಪನ ನಾಡಿ 60 ಇರುವುದು ಬಿಪಿಗೆ ತಗೊಳ್ಳುವ ಮಾತ್ರೆಯಿಂದ. ಅವರಿಗೆ ಕೂತಲ್ಲೇ 90 ಬಂದರೆ ಪುಸ್ತಕದ ಲೆಕ್ಕದಲ್ಲಿ ಸರಿ, ಅಪ್ಪನ ಲೆಕ್ಕದಲ್ಲಿ ಸರಿ ಅಲ್ಲ.

ಅದಕ್ಕೇ ಇದನ್ನು ಮನೆಯವರೆಲ್ಲ ಆರಾಮಾಗಿರುವ ದಿನವೇ ಕಲಿಯಿರಿ. ಜ್ವರದ ರಾತ್ರಿ, ಗಾಬರಿಯಲ್ಲಿ ಕಲಿಯುವ ಕೆಲಸ ಅಲ್ಲ ಇದು.

ಶುರು ಮಾಡುವ ಮೊದಲು

ಬೇಕಾಗಿರುವುದು ಸೆಕೆಂಡ್ ಮುಳ್ಳಿರುವ ಗಡಿಯಾರ, ಇಲ್ಲವೇ ಫೋನಿನ ಸ್ಟಾಪ್‌ವಾಚ್. ಬೆರಳಿಗೆ ಹಾಕುವ ಪಲ್ಸ್ ಆಕ್ಸಿಮೀಟರ್. ಬರೆದುಕೊಳ್ಳಲು ಒಂದು ಪುಸ್ತಕ ಅಥವಾ ಕ್ಯಾಲೆಂಡರ್. ಅಷ್ಟೇ.

ನೋಡಿಸಿಕೊಳ್ಳುವವರು ಐದರಿಂದ ಹತ್ತು ನಿಮಿಷ ಸುಮ್ನೆ ಕೂತಿರಬೇಕು. ಈಗಷ್ಟೇ ಮೆಟ್ಟಿಲು ಹತ್ತಿ ಬಂದವರು, ಕಾಫಿ ಕುಡಿದವರು, ಬೀಡಿ ಸಿಗರೇಟು ಸೇದಿದವರು, ಜಗಳ ಆಡಿ ಬಂದವರು ಸ್ವಲ್ಪ ಕಾಯಲಿ. ಬೆನ್ನಿಗೆ ಆಸರೆ ಇರಲಿ. ಕೈ ತೊಡೆಯ ಮೇಲೋ ಮೇಜಿನ ಮೇಲೋ ಸಡಿಲವಾಗಿ ಇರಲಿ.

ನಾನು ನೋಡುವ ಕ್ರಮ: ಮೊದಲು ನಾಡಿ, ಅದರ ಹಿಂದೆಯೇ ಉಸಿರು, ಕೊನೆಗೆ ಮೆಷಿನ್. ಬೆರಳಿಗೆ ಕ್ಲಿಪ್ ಮೊದಲೇ ಹಾಕಿದರೆ ಕಣ್ಣು ಅದರ ಮೇಲೇ ಇರುತ್ತದೆ. ಅಂಕಿ ನೋಡಿ ಅವರಿಗೂ ಗಾಬರಿ, ನಮಗೂ ಗಾಬರಿ. ನಾಡಿ ಜಾಸ್ತಿಯಾಗುತ್ತದೆ, ಉಸಿರೂ ಬದಲಾಗುತ್ತದೆ.

ನಾಡಿ

ಅಂಗೈ ಮೇಲೆ ಮಾಡಿಸಿ. ಹೆಬ್ಬೆರಳಿನ ಬುಡದಿಂದ ಕೆಳಗೆ ಬನ್ನಿ. ಮಣಿಕಟ್ಟಿನ ಗೆರೆ ದಾಟಿದ ಕೂಡಲೇ ಆ ಬದಿಯ ಮೂಳೆಗೂ ನಡುವಿನ ನರದಂಥ ಗಟ್ಟಿ ದಾರಕ್ಕೂ ಮಧ್ಯೆ ಸಣ್ಣ ತಗ್ಗು ಸಿಗುತ್ತದೆ. ನಿಮ್ಮ ತೋರುಬೆರಳು, ನಡುಬೆರಳು ಎರಡನ್ನೂ ಆ ತಗ್ಗಿನಲ್ಲಿ ಇಡಿ. ಬೆರಳ ತುದಿಯ ಮೆತ್ತನೆ ಭಾಗ ತಾಗಬೇಕು. ಹೆಬ್ಬೆರಳಿನಲ್ಲಿ ನೋಡಬೇಡಿ. ಅದರಲ್ಲಿ ನಿಮ್ಮದೇ ನಾಡಿ ಜೋರಾಗಿ ಮಿಡಿಯುತ್ತದೆ, ಯಾರದ್ದನ್ನು ಎಣಿಸುತ್ತಿದ್ದೀರಿ ಅಂತ ಗೊತ್ತಾಗುವುದಿಲ್ಲ.

ಮೊದಲ ಸಲ ಸಿಗದಿದ್ದರೆ ಬೇಜಾರಾಗಬೇಡಿ. ಹೆಚ್ಚಿನವರು ಮಾಡುವುದು ಒಂದೇ ತಪ್ಪು, ಒತ್ತುವುದು ಜಾಸ್ತಿ. ಒತ್ತಿದರೆ ರಕ್ತನಾಳ ಮುಚ್ಚಿಕೊಂಡು ಮಿಡಿತ ಮಾಯವಾಗುತ್ತದೆ. ಮಾವಿನಹಣ್ಣು ಹಣ್ಣಾಗಿದೆಯಾ ಅಂತ ನೋಡುವಾಗ ಒತ್ತುವಷ್ಟು ಸಾಕು. ಆಗಲೂ ಸಿಗದಿದ್ದರೆ ಬೆರಳನ್ನು ಎಳ್ಳಷ್ಟು ಆಚೀಚೆ ಸರಿಸಿ, ಅವರ ಕೈಯನ್ನು ಸ್ವಲ್ಪ ಹಿಂದಕ್ಕೆ ಬಾಗಿಸಿ.

ಸಿಕ್ಕ ಮೇಲೆ ಒಂದೆರಡು ಮಿಡಿತ ಸುಮ್ನೆ ಬಿಡಿ. ನಂತರ ಒಂದು ಮಿಡಿತಕ್ಕೆ ಸರಿಯಾಗಿ ಗಡಿಯಾರ ಶುರು ಮಾಡಿ, ಆ ಮಿಡಿತಕ್ಕೆ ಸೊನ್ನೆ ಅನ್ನಿ. ಮುಂದಿನದಕ್ಕೆ ಒಂದು. 30 ಸೆಕೆಂಡ್ ಎಣಿಸಿ ಎರಡರಿಂದ ಗುಣಿಸಿದರೆ ಸಾಕು. ಆದರೆ ಮಿಡಿತ ಹೆಚ್ಚುಕಮ್ಮಿ ಅನ್ನಿಸಿದರೆ ಪೂರ್ತಿ 60 ಸೆಕೆಂಡ್ ಎಣಿಸಲೇಬೇಕು. ಹತ್ತು ಸೆಕೆಂಡ್ ಎಣಿಸಿ ಆರರಿಂದ ಗುಣಿಸುವ ಅಭ್ಯಾಸ ಬೇಡ. ಒಂದು ಮಿಡಿತ ತಪ್ಪಿದರೆ ಆರು ತಪ್ಪಿದ ಹಾಗೆ.

ಸುಮ್ನೆ ಕೂತಿರುವ ದೊಡ್ಡವರಿಗೆ ನಿಮಿಷಕ್ಕೆ 60ರಿಂದ 100. ದಿನಾ ಓಡುವವರಿಗೆ, ಕ್ರೀಡಾಪಟುಗಳಿಗೆ 50ಕ್ಕಿಂತ ಕಡಿಮೆ ಇದ್ದರೂ ಆಶ್ಚರ್ಯವಿಲ್ಲ. ಮಕ್ಕಳದ್ದು ಜಾಸ್ತಿ. ಹುಟ್ಟಿದ ಮಗುವಿಗೆ 100ರಿಂದ 160, ಎರಡು ಮೂರು ವರ್ಷಕ್ಕೆ 90ರಿಂದ 140, ಶಾಲೆಗೆ ಹೋಗುವ ಮಕ್ಕಳಿಗೆ 70ರಿಂದ 120 ಆಸುಪಾಸು. ಹಸುಗೂಸಿನ ಮಣಿಕಟ್ಟಿನಲ್ಲಿ ನಾಡಿ ಸಿಗುವುದು ಕಷ್ಟ. ಮೊಣಕೈ ಮತ್ತು ಭುಜದ ನಡುವೆ, ತೋಳಿನ ಒಳಬದಿಯಲ್ಲಿ ನೋಡಿ.

ಜ್ವರ ಬಂದರೆ ನಾಡಿ ಏರುತ್ತದೆ. ಒಂದು ಡಿಗ್ರಿ ಸೆಲ್ಸಿಯಸ್‌ಗೆ ಹತ್ತರ ಹತ್ತಿರ ಏರಬಹುದು. ವಾಂತಿಭೇದಿಯಿಂದ ಮೈಯಲ್ಲಿ ನೀರು ಕಡಿಮೆಯಾದರೆ, ರಕ್ತ ಕಡಿಮೆ ಇದ್ದರೆ, ಥೈರಾಯ್ಡ್ ಜಾಸ್ತಿ ಆದರೂ ಏರುತ್ತದೆ. ಅಟೆನೊಲಾಲ್, ಮೆಟೊಪ್ರೊಲಾಲ್ ಥರದ ಬಿಪಿ ಮಾತ್ರೆ ತಗೊಳ್ಳುವವರಿಗೆ ಮಾತ್ರ ಜ್ವರದಲ್ಲೂ ನಾಡಿ ಅಷ್ಟಾಗಿ ಏರದೆ ಇರಬಹುದು. ಅವರ ವಿಷಯದಲ್ಲಿ "ನಾಡಿ ಸರಿಯಾಗೇ ಇದೆ" ಅಂತ ನೆಮ್ಮದಿ ಪಡುವ ಹಾಗಿಲ್ಲ.

ಎಷ್ಟು ಅನ್ನುವುದರ ಜೊತೆ ಹೇಗೆ ಅನ್ನುವುದನ್ನೂ ಗಮನಿಸಿ. ಸರಿಯಾದ ನಾಡಿ ಗೋಡೆ ಗಡಿಯಾರದ ಹಾಗೆ, ಮುಂದಿನ ಮಿಡಿತ ಯಾವಾಗ ಬರುತ್ತದೆ ಅಂತ ಬೆರಳಿಗೆ ಮೊದಲೇ ಗೊತ್ತಾಗುತ್ತದೆ. ತಪ್ಪಿದ ನಾಡಿ ಮಳೆ ನಿಂತ ಮೇಲೆ ಹೆಂಚಿನಿಂದ ಬೀಳುವ ಹನಿಯ ಹಾಗೆ. ಎರಡು ಬೇಗ, ಒಂದು ತಡ, ಮತ್ತೆ ಮೂರು ಒಟ್ಟಿಗೆ. ಎಳೆಯರಲ್ಲಿ ಉಸಿರು ಒಳಗೆಳೆದಾಗ ಸ್ವಲ್ಪ ಬೇಗ, ಬಿಟ್ಟಾಗ ಸ್ವಲ್ಪ ನಿಧಾನ ಆಗುವುದು ಸಹಜ. ಅಪರೂಪಕ್ಕೊಮ್ಮೆ ಒಂದು ಮಿಡಿತ ತಪ್ಪುವುದೂ ಎಷ್ಟೋ ಜನರಲ್ಲಿ ಇರುತ್ತದೆ. ಆದರೆ ವಯಸ್ಸಾದವರಲ್ಲಿ ಪೂರ್ತಿ ನಿಮಿಷ ಲಯವೇ ಸಿಗದ ನಾಡಿ ಇದ್ದರೆ ಇಸಿಜಿ ಮಾಡಿಸಲೇಬೇಕು. ಏಟ್ರಿಯಲ್ ಫಿಬ್ರಿಲೇಶನ್ ಎಂಬ ತೊಂದರೆ ಹೀಗೇ ಸಿಕ್ಕಿಬೀಳುತ್ತದೆ. ಅದನ್ನು ಹಾಗೇ ಬಿಟ್ಟರೆ ಹೃದಯದಲ್ಲಿ ರಕ್ತ ಹೆಪ್ಪುಗಟ್ಟಿ, ಅದು ಮೆದುಳಿಗೆ ಹೋಗಿ ಪಾರ್ಶ್ವವಾಯು ಹೊಡೆಯಬಹುದು. ಆಕ್ಸಿಮೀಟರ್ ಇದನ್ನು ಬಿಡಿಸಿ ಹೇಳುವುದಿಲ್ಲ, ಸರಾಸರಿ ಅಂಕಿ ಮಾತ್ರ ತೋರಿಸುತ್ತದೆ. ನಿಮ್ಮ ಎರಡು ಬೆರಳಿಗೆ ಗೊತ್ತಾಗುತ್ತದೆ.

ಕುತ್ತಿಗೆಯಲ್ಲೂ ನೋಡಬಹುದು. ಗಂಟಲ ಗಂಟಿನ ಪಕ್ಕದ ತಗ್ಗಿನಲ್ಲಿ, ಒಂದೇ ಬದಿಯಲ್ಲಿ, ಹಗುರವಾಗಿ. ಎರಡೂ ಬದಿ ಒಟ್ಟಿಗೆ ಒತ್ತಬಾರದು, ಉಜ್ಜಬಾರದು, ತಲೆ ಸುತ್ತಿ ಬೀಳಬಹುದು. ಮನೆಯಲ್ಲಿ ಮಣಿಕಟ್ಟೇ ಸಾಕು.

ಉಸಿರು

ಮೂರರಲ್ಲಿ ಎಲ್ಲರೂ ಬಿಟ್ಟುಬಿಡುವುದು ಇದನ್ನೇ. ನನ್ನ ಮಾತು ಕೇಳುವುದಾದರೆ, ಒಂದೇ ಒಂದನ್ನು ನೋಡಲು ಸಮಯ ಇದ್ದರೆ ಉಸಿರನ್ನೇ ಎಣಿಸಿ. ಶ್ವಾಸಕೋಶಕ್ಕೆ ಸೋಂಕು ಇಳಿದಾಗ ದೇಹ ಮೊದಲು ಉಸಿರಿನ ವೇಗ ಹೆಚ್ಚಿಸಿಕೊಂಡು ಸುಧಾರಿಸಿಕೊಳ್ಳುತ್ತದೆ. ಎಷ್ಟೋ ಸಲ ಆಕ್ಸಿಜನ್ ಅಂಕಿ ಇಳಿಯುವ ಮೊದಲೇ ಉಸಿರಿನ ಎಣಿಕೆ ಏರಿರುತ್ತದೆ.

ಇಲ್ಲಿ ಒಂದು ಉಪಾಯ ಬೇಕು. "ಈಗ ಉಸಿರು ಎಣಿಸ್ತೀನಿ" ಅಂತ ಹೇಳಿದ ಕೂಡಲೇ ಯಾರ ಉಸಿರೂ ಸಹಜವಾಗಿ ಇರುವುದಿಲ್ಲ. ಬೇಕಿದ್ದರೆ ಈಗಲೇ ನಿಮ್ಮ ಉಸಿರನ್ನೇ ಗಮನಿಸಿ ನೋಡಿ. ಬದಲಾಯಿತು ಅಲ್ವಾ? ಅದಕ್ಕೆ ನಾಡಿ ಎಣಿಸಿ ಮುಗಿದರೂ ಕೈ ಬಿಡಬೇಡಿ. ಬೆರಳು ಮಣಿಕಟ್ಟಿನ ಮೇಲೇ ಇರಲಿ, ಕಣ್ಣು ಮಾತ್ರ ಎದೆಗೆ ಅಥವಾ ಹೊಟ್ಟೆಗೆ ಹೋಗಲಿ. ನೀವು ಇನ್ನೂ ನಾಡಿ ನೋಡುತ್ತಿದ್ದೀರಿ ಅಂತ ಅವರು ಅಂದುಕೊಳ್ಳುತ್ತಾರೆ. ಸ್ವೆಟರ್ ಹಾಕಿದ್ದರೆ, ಕಂಬಳಿ ಹೊದ್ದಿದ್ದರೆ ಏಳುಬೀಳು ಕಾಣುವುದಿಲ್ಲ. ಆಗ ಅವರದ್ದೇ ಕೈಯನ್ನು ಎದೆಯ ಕೆಳಭಾಗದ ಮೇಲೆ ಇಟ್ಟುಕೊಂಡು ನಾಡಿ ಹಿಡಿಯಿರಿ. ಉಸಿರಾಡಿದಂತೆ ಕೈ ಏರುತ್ತದೆ, ಇಳಿಯುತ್ತದೆ.

ಒಂದು ಸಲ ಏರಿ ಇಳಿದರೆ ಒಂದು ಲೆಕ್ಕ. ಪೂರ್ತಿ 60 ಸೆಕೆಂಡ್ ಎಣಿಸಿ. ಇಲ್ಲಿ ಅರ್ಧ ನಿಮಿಷದ ಲೆಕ್ಕ ಬೇಡ. ದೊಡ್ಡವರಿಗೆ 12ರಿಂದ 20 ಸರಿ. ಸುಮ್ನೆ ಕೂತಿದ್ದಾಗಲೂ 20 ದಾಟಿದ್ದರೆ ಸ್ವಲ್ಪ ಹೊತ್ತು ಬಿಟ್ಟು ಇನ್ನೊಮ್ಮೆ ಎಣಿಸಿ. 24 ದಾಟಿದರೆ ಡಾಕ್ಟರಿಗೆ ತೋರಿಸಬೇಕು. 30 ಅಂದರೆ ಕಾಯುವ ಮಾತೇ ಇಲ್ಲ.

ಎಣಿಸುವಾಗ ಸುತ್ತ ಏನಾಗುತ್ತಿದೆ ಅಂತಲೂ ನೋಡಿ. ಮೂಗಿನ ಹೊಳ್ಳೆ ಅರಳುತ್ತಿದೆಯಾ? ಕತ್ತಿನ ನರ, ಸ್ನಾಯು ಸೆಟೆದುಕೊಳ್ಳುತ್ತಿವೆಯಾ? ಮಲಗಲು ಆಗದೆ ಎದ್ದು ಕೂತು, ಮಂಡಿಗೆ ಕೈ ಊರಿ ಮುಂದಕ್ಕೆ ಬಾಗಿದ್ದಾರಾ? ಒಂದು ವಾಕ್ಯ ಪೂರ್ತಿ ಹೇಳಲು ಆಗದೆ "ನೀರು... ಸ್ವಲ್ಪ... ಕೊಡು" ಅಂತ ತುಂಡು ತುಂಡಾಗಿ ಮಾತಾಡುತ್ತಿದ್ದಾರಾ? ಹಾಗಿದ್ದರೆ ಅಂಕಿ ಎಷ್ಟೇ ಇರಲಿ, ಅವರಿಗೆ ಸಹಾಯ ಬೇಕು. ನೀಲಿ ಬಣ್ಣ ನಮ್ಮ ಮೈಬಣ್ಣದಲ್ಲಿ ಬೇಗ ಕಾಣುವುದಿಲ್ಲ. ತುಟಿಯ ಒಳಬದಿ, ನಾಲಿಗೆ, ಉಗುರಿನ ಬುಡ ನೋಡಿ.

ಉಸಿರು ತೀರಾ ನಿಧಾನ ಆಗುವುದೂ ಅಪಾಯವೇ. ನಿದ್ದೆ ಮಾತ್ರೆ ಜಾಸ್ತಿ ತಗೊಂಡವರಲ್ಲಿ, ವಿಪರೀತ ಕುಡಿದವರಲ್ಲಿ ನಿಮಿಷಕ್ಕೆ ಎಂಟಕ್ಕೆ ಇಳಿಯಬಹುದು. ನಾಗರಹಾವು, ಕಟ್ಟುಹಾವು ಕಚ್ಚಿದವರಲ್ಲಿ ಮೊದಲು ರೆಪ್ಪೆ ಜೋಲುತ್ತದೆ, ಮಾತು ತೊದಲುತ್ತದೆ, ಆಮೇಲೆ ಉಸಿರು ಮೇಲೆಮೇಲೇ ಆಗುತ್ತದೆ. ಅಲ್ಲಿ ಎಣಿಸುತ್ತಾ ಕೂರಬೇಡಿ, ಗಾಡಿ ಹತ್ತಿಸಿ.

ಮಕ್ಕಳ ಲೆಕ್ಕ ಬೇರೆ, ಅದನ್ನು ಬಾಯಿಪಾಠ ಮಾಡಿಕೊಳ್ಳುವುದು ಒಳ್ಳೆಯದು. ಕೆಮ್ಮು, ಜ್ವರ ಇರುವ ಮಗುವಿಗೆ ವಿಶ್ವ ಆರೋಗ್ಯ ಸಂಸ್ಥೆ ಹಾಕಿರುವ ಗೆರೆ ಇದು: ಎರಡು ತಿಂಗಳೊಳಗಿನ ಕೂಸಿಗೆ ನಿಮಿಷಕ್ಕೆ 60 ಅಥವಾ ಅದಕ್ಕಿಂತ ಜಾಸ್ತಿ, ಎರಡು ತಿಂಗಳಿಂದ ಒಂದು ವರ್ಷದೊಳಗೆ 50 ಅಥವಾ ಜಾಸ್ತಿ, ಒಂದರಿಂದ ಐದು ವರ್ಷದೊಳಗೆ 40 ಅಥವಾ ಜಾಸ್ತಿ ಇದ್ದರೆ ಅದು ವೇಗದ ಉಸಿರಾಟ. ನ್ಯುಮೋನಿಯಾ ಇರಬಹುದು. ಮನೆಗೆ ಬರುವ ಆಶಾ ಕಾರ್ಯಕರ್ತೆ ಮಗುವಿನ ಅಂಗಿ ಎತ್ತಿ, ಟೈಮರ್ ಹಿಡಿದು ಹೊಟ್ಟೆ ನೋಡುತ್ತಾ ಕೂರುವುದು ಇದಕ್ಕೇ. ಕೇಂದ್ರ ಸರ್ಕಾರ 2019ರಲ್ಲಿ ಶುರು ಮಾಡಿದ "ಸಾನ್ಸ್" ಅಭಿಯಾನವೂ ಮಕ್ಕಳ ನ್ಯುಮೋನಿಯಾ ತಡೆಯಲಿಕ್ಕೆ ಇರುವುದು. ಆಶಾ ಕಾರ್ಯಕರ್ತೆ ಎಣಿಸುವ ಆ ಒಂದು ನಿಮಿಷ ಅವರನ್ನು ಮಾತಾಡಿಸಬೇಡಿ.

ಅಳುವ ಮಗುವಿನ ಉಸಿರು ಎಣಿಸಿ ಪ್ರಯೋಜನವಿಲ್ಲ. ಹಾಲು ಕುಡಿಯುವಾಗಲೂ ಬೇಡ. ಮಲಗಿರುವಾಗ ಅಥವಾ ಅಮ್ಮನ ತೊಡೆಯ ಮೇಲೆ ಸಮಾಧಾನವಾಗಿ ಇರುವಾಗ ಅಂಗಿ ಎತ್ತಿ ಹೊಟ್ಟೆ ನೋಡಿ. ತೀರಾ ಎಳೆಗೂಸು ಬೇಗಬೇಗ ಉಸಿರಾಡಿ ಐದಾರು ಸೆಕೆಂಡ್ ನಿಲ್ಲಿಸಿ ಮತ್ತೆ ಶುರು ಮಾಡುವುದು ಉಂಟು. ಅದಕ್ಕೇ ಪೂರ್ತಿ ನಿಮಿಷ ಬೇಕು. 60 ಅಥವಾ ಜಾಸ್ತಿ ಬಂದರೆ ಇನ್ನೊಮ್ಮೆ ಎಣಿಸಿ ಖಚಿತ ಮಾಡಿಕೊಳ್ಳಿ. 20 ಸೆಕೆಂಡ್ ಉಸಿರು ನಿಂತರೆ, ಅಥವಾ ಬಣ್ಣ ಬದಲಾದರೆ ಕೂಡಲೇ ಆಸ್ಪತ್ರೆ.

ಇನ್ನೊಂದನ್ನು ತಾಯಂದಿರು ತಪ್ಪದೆ ನೋಡಬೇಕು. ಮಗು ಉಸಿರು ಒಳಗೆ ಎಳೆದಾಗ ಎದೆ ಉಬ್ಬಬೇಕು. ಅದರ ಬದಲು ಪಕ್ಕೆಲುಬಿನ ಕೆಳಗಿನ ಭಾಗ ಒಳಕ್ಕೆ ಕುಸಿದು ಗುಳಿ ಬಿದ್ದರೆ ಅದು ಗಂಭೀರ. ಉಸಿರು ಬಿಡುವಾಗ ನರಳಿದ ಸದ್ದು, ಹಾಲು ಕುಡಿಯಲು ಆಗದಿರುವುದು, ಎಬ್ಬಿಸಿದರೂ ಏಳದ ಮಂಪರು ಕೂಡ ಹಾಗೇ. ಬೆಳಗಾಗಲಿ ಅಂತ ಕಾಯಬೇಡಿ.

ಆಕ್ಸಿಮೀಟರ್

ಈ ಪುಟ್ಟ ಕ್ಲಿಪ್ಪಿನ ಹಿಂದೆ ಒಂದು ಚೆಂದದ ವಿಚಾರ ಇದೆ. ಒಂದು ಬದಿಯಿಂದ ಕೆಂಪು ಬೆಳಕು, ಕಣ್ಣಿಗೆ ಕಾಣದ ಇನ್‌ಫ್ರಾರೆಡ್ ಬೆಳಕು ಎರಡೂ ಬೆರಳೊಳಗೆ ಹಾಯುತ್ತವೆ. ಇನ್ನೊಂದು ಬದಿಯಲ್ಲಿ ಎಷ್ಟು ಬಂತು ಅಂತ ಅಳೆಯುತ್ತದೆ. ಆಕ್ಸಿಜನ್ ತುಂಬಿದ ರಕ್ತ ಕೆಂಪು ಬೆಳಕನ್ನು ಜಾಸ್ತಿ ಬಿಡುತ್ತದೆ, ಆಕ್ಸಿಜನ್ ಕಳೆದುಕೊಂಡ ರಕ್ತ ಅದನ್ನು ಹೀರಿಕೊಳ್ಳುತ್ತದೆ. ಆದರೆ ನಡುವೆ ಚರ್ಮ, ಮೂಳೆ, ಉಗುರು ಎಲ್ಲಾ ಇದೆಯಲ್ಲ? ಜಪಾನಿನ ಎಂಜಿನಿಯರ್ ಟಕುವೊ ಅಯೋಯಾಗಿ ಅದಕ್ಕೆ ದಾರಿ ಕಂಡುಕೊಂಡರು. ಪ್ರತಿ ಮಿಡಿತಕ್ಕೂ ಏರಿಳಿಯುವ ಬೆಳಕನ್ನು ಮಾತ್ರ ಲೆಕ್ಕಕ್ಕೆ ಹಿಡಿದರೆ ಅದು ಹೊಸದಾಗಿ ಬಂದ ರಕ್ತದ್ದೇ ಆಗಿರುತ್ತದೆ ಅಂತ. ಅದು 1974ರ ಮಾತು. ಜಗತ್ತೆಲ್ಲ ಈ ಕ್ಲಿಪ್ ಹುಡುಕುತ್ತಿದ್ದ 2020ರ ಏಪ್ರಿಲ್‌ನಲ್ಲೇ ಅವರು ತೀರಿಕೊಂಡರು.

ಈ ಕೆಲಸ ಮಾಡುವ ರೀತಿ ಗೊತ್ತಿದ್ದರೆ ತಪ್ಪು ಎಲ್ಲಿ ಆಗುತ್ತದೆ ಅಂತ ತಾನೇ ತಿಳಿಯುತ್ತದೆ. ಬೆರಳು ತಣ್ಣಗಿದ್ದರೆ ಮಿಡಿತ ಸಿಗುವುದಿಲ್ಲ, ಉಜ್ಜಿ ಬೆಚ್ಚಗೆ ಮಾಡಿ. ನೈಲ್ ಪಾಲಿಶ್ ಇದ್ದರೆ ಒರೆಸಿ. ಕಡು ಮೆಹಂದಿ ಹಾಕಿದ್ದರೆ ಬಣ್ಣ ಇಲ್ಲದ ಬೆರಳು ಹುಡುಕಿ, ಇಲ್ಲವಾದರೆ ಕಾಲಿನ ಬೆರಳಾದರೂ ಆಗುತ್ತದೆ. ಕಿಟಕಿ ಬಿಸಿಲು ನೇರ ಬೀಳದಿರಲಿ. ನಡುಬೆರಳು ಅಥವಾ ತೋರುಬೆರಳನ್ನು ಕ್ಲಿಪ್ಪಿನ ಕೊನೆಯವರೆಗೆ ತೂರಿಸಿ. ಕೈಯನ್ನು ಎದೆಯ ಮೇಲೆ ಇಟ್ಟುಕೊಂಡು ಅಲ್ಲಾಡಿಸದೆ ಇರಲಿ. ಬಿಪಿ ಪಟ್ಟಿ ಕಟ್ಟಿರುವ ಕೈ ಬೇಡ.

ಹಾಕಿದ ಕೂಡಲೇ ಬರುವ ಅಂಕಿ ನಂಬಬೇಡಿ. ಅದು ಕುಣಿಯುತ್ತಿರುತ್ತದೆ. ಅರ್ಧದಿಂದ ಒಂದು ನಿಮಿಷ ಬಿಡಿ. ಅಂಕಿ ಒಂದು ಕಡೆ ನಿಂತ ಮೇಲೆ ಬರೆದುಕೊಳ್ಳಿ. ತೆರೆಯಲ್ಲಿ ಎರಡು ಅಂಕಿ ಇರುತ್ತವೆ. ಎಸ್‌ಪಿಒ2 ಅಂತ ಇರುವುದು ಆಕ್ಸಿಜನ್, ಶೇಕಡಾ ಲೆಕ್ಕ. ಪಿಆರ್ ಅಂತ ಇರುವುದು ನಾಡಿ. ಎರಡನ್ನೂ ಅದಲುಬದಲು ಮಾಡಿಕೊಂಡು "ಆಕ್ಸಿಜನ್ 78 ಆಗಿದೆ" ಅಂತ ಫೋನ್ ಮಾಡಿ ಅತ್ತವರನ್ನು ನೋಡಿದ್ದೇನೆ. ನೀವು ಕೈಯಲ್ಲಿ ಎಣಿಸಿದ ನಾಡಿಗೂ ಪಿಆರ್‌ಗೂ ಹೋಲಿಸಿ. ಹತ್ತಿರ ಇದ್ದರೆ ಆಕ್ಸಿಜನ್ ಅಂಕಿಯನ್ನೂ ನಂಬಬಹುದು. ತುಂಬಾ ದೂರ ಇದ್ದರೆ ಮೆಷಿನ್‌ಗೆ ಮಿಡಿತ ಸರಿಯಾಗಿ ಸಿಕ್ಕಿಲ್ಲ, ಬೆರಳು ಬದಲಿಸಿ.

ಇನ್ನು ನನ್ನಿಂದಲೇ ಆದ ತಪ್ಪೊಂದನ್ನು ಹೇಳಬೇಕು. 2021ರ ಮೇ ತಿಂಗಳು. ಅಪ್ಪ ಮಹಡಿ ಕೋಣೆಯಲ್ಲಿ ಕೋವಿಡ್ ಅಂತ ಬೇರೆ ಇದ್ದರು. ನಾನು ಮಾಸ್ಕ್ ಹಾಕಿಕೊಂಡು ಬಾಗಿಲಲ್ಲೇ ನಿಲ್ಲುತ್ತಿದ್ದೆ. ಅವರು ಎದುರಿಗೆ ಕೂತು ಬೆರಳು ನನ್ನತ್ತ ಚಾಚುತ್ತಿದ್ದರು. ನಾನು ಓದಿದ್ದು 98. ಪುಸ್ತಕದಲ್ಲಿ ಬರೆದೆ. ಮಧ್ಯಾಹ್ನವೂ 98. ಸಂಜೆ ನರ್ಸ್ ಆಗಿರುವ ಅಕ್ಕ ವಿಡಿಯೊ ಕಾಲ್ ಮಾಡಿ "ಉಸಿರು ಎಷ್ಟು?" ಅಂದಳು. ಎಣಿಸಿರಲಿಲ್ಲ. "ಫೋನನ್ನು ಅಪ್ಪನ ಪಕ್ಕ ಹಿಡಿ" ಅಂದಳು. ಅಪ್ಪನ ಬದಿಯಿಂದ ನೋಡಿದರೆ ಅದೇ ತೆರೆಯಲ್ಲಿ 86 ಇತ್ತು. 86 ತಲೆಕೆಳಗಾದರೆ 98. ಉಸಿರು ನಿಮಿಷಕ್ಕೆ 32 ಇತ್ತು. ಅಪ್ಪ ಒಂಬತ್ತು ದಿನ ಆಸ್ಪತ್ರೆಯಲ್ಲಿ ಆಕ್ಸಿಜನ್ ಮೇಲಿದ್ದು ಮನೆಗೆ ಬಂದರು.

ದಯವಿಟ್ಟು ಯಾವಾಗಲೂ ಅಂಕಿಯ ಪಕ್ಕದ ಅಕ್ಷರ ನೇರವಾಗಿ ಕಾಣುವ ಬದಿಯಿಂದಲೇ ಓದಿ. ಎದುರಿಗೆ ನಿಂತು ಓದಬೇಡಿ.

ಯಾವ ಅಂಕಿಗೆ ಏನು ಮಾಡಬೇಕು? ಆರೋಗ್ಯವಾಗಿರುವವರಿಗೆ 95ರಿಂದ 100. 93, 94 ಬಂದರೆ ಬೆರಳು ಬದಲಿಸಿ ಮತ್ತೆ ನೋಡಿ, ಹಾಗೇ ಇದ್ದರೆ ಅದೇ ದಿನ ಡಾಕ್ಟರ್ ಜೊತೆ ಮಾತಾಡಿ. 92 ಅಥವಾ ಕಡಿಮೆ ಇದ್ದರೆ ಆಸ್ಪತ್ರೆಗೆ ಹೊರಡಿ. 90ಕ್ಕಿಂತ ಕೆಳಗೆ ತುರ್ತು. ಸಿಒಪಿಡಿ ಎಂಬ ಶ್ವಾಸಕೋಶದ ಹಳೆಯ ಕಾಯಿಲೆ ಇರುವ ಕೆಲವರಿಗೆ ಡಾಕ್ಟರೇ 88ರಿಂದ 92 ಸಾಕು ಅಂತ ಹೇಳಿರುತ್ತಾರೆ. ಅವರಿಗೆ ನಾವು ಪ್ರೀತಿಯಿಂದ ಆಕ್ಸಿಜನ್ ಕೊಡುವ ಕಾನ್ಸಂಟ್ರೇಟರ್ ಮೆಷಿನ್ ಜಾಸ್ತಿ ತಿರುಗಿಸಿದರೆ ತೊಂದರೆಯೇ ಆಗುತ್ತದೆ. ಹಸುಗೂಸಿನ ಬೆರಳಿಗೆ ದೊಡ್ಡವರ ಕ್ಲಿಪ್ ಹೊಂದುವುದಿಲ್ಲ. ಅದು ತೋರಿಸುವ ಅಂಕಿ ನಂಬಿ ಕೂರಬೇಡಿ, ಉಸಿರು ಎಣಿಸಿ.

ಒಂದೆರಡು ಅಂಕಿ ಹೆಚ್ಚುಕಮ್ಮಿ ಒಳ್ಳೆಯ ಮೆಷಿನ್‌ನಲ್ಲೂ ಇರುತ್ತದೆ. ಕಪ್ಪು ಚರ್ಮದವರಲ್ಲಿ ನಿಜಕ್ಕಿಂತ ಜಾಸ್ತಿ ತೋರಿಸಬಹುದು ಅಂತ 2020ರಲ್ಲಿ ಅಮೆರಿಕದ ವೈದ್ಯರು ರೋಗಿಗಳ ರಕ್ತ ಪರೀಕ್ಷೆಯ ಜೊತೆ ಹೋಲಿಸಿ ತೋರಿಸಿದರು. ನಮ್ಮಲ್ಲಿ ಎಷ್ಟು ಜನರ ಬಣ್ಣ ಕಪ್ಪು, ಯೋಚಿಸಿ. ಹಾಗಾಗಿ ಒಂದು ಅಂಕಿಗಿಂತ ಅದು ಯಾವ ಕಡೆ ಹೋಗುತ್ತಿದೆ ಅನ್ನುವುದು ಮುಖ್ಯ. ಬೆಳಿಗ್ಗೆ 97, ಮಧ್ಯಾಹ್ನ 95, ರಾತ್ರಿ 93 ಅಂದರೆ ಮೂರೂ ಅಷ್ಟೇನೂ ಕೆಟ್ಟದಲ್ಲ ಅನ್ನಿಸಬಹುದು. ಇಳಿಜಾರು ಮಾತ್ರ ಕೆಟ್ಟದ್ದೇ.

ಕೂತಾಗ ಸರಿ ಇದ್ದು ಓಡಾಡಿದಾಗ ಇಳಿಯುವುದೂ ಉಂಟು. ಕೋವಿಡ್, ನ್ಯುಮೋನಿಯಾ ಇದ್ದವರಲ್ಲಿ ಇದನ್ನು ಹಿಡಿಯಲು ಕ್ಲಿಪ್ ಹಾಕಿಕೊಂಡೇ ಸಮತಟ್ಟಾದ ನೆಲದಲ್ಲಿ ಆರು ನಿಮಿಷ ನಡೆಸುತ್ತಾರೆ. ವಯಸ್ಸಾದವರಾದರೆ ಮೂರು ನಿಮಿಷ, ಪಕ್ಕದಲ್ಲಿ ಒಬ್ಬರು ಇರಲೇಬೇಕು. 93ಕ್ಕಿಂತ ಕೆಳಗೆ ಬಂದರೆ ಅಥವಾ ಮೂರಕ್ಕಿಂತ ಜಾಸ್ತಿ ಇಳಿದರೆ ಡಾಕ್ಟರಿಗೆ ಹೇಳಬೇಕು. ಮೊದಲೇ 94ಕ್ಕಿಂತ ಕಡಿಮೆ ಇದ್ದವರನ್ನು, ಎದೆನೋವು ಇದ್ದವರನ್ನು, ಏದುಸಿರು ಬಿಡುವವರನ್ನು ನಡೆಸಬೇಡಿ.

ಮೆಷಿನ್ ಪೂರ್ತಿ ಮೋಸ ಹೋಗುವ ಒಂದು ಸಂದರ್ಭ ಇದೆ. ಗಾಳಿ ಆಡದ ಬಚ್ಚಲಲ್ಲಿ ಗ್ಯಾಸ್ ಗೀಸರ್ ಉರಿಯುವಾಗ, ಅಥವಾ ಕೊಡಗಿನ ಚಳಿಗೆ ಬಾಗಿಲು ಮುಚ್ಚಿ ಇದ್ದಿಲ ಕೆಂಡ ಇಟ್ಟುಕೊಂಡು ಮಲಗಿದಾಗ ಕಾರ್ಬನ್ ಮೊನಾಕ್ಸೈಡ್ ತುಂಬಿಕೊಳ್ಳುತ್ತದೆ. ಅದು ರಕ್ತಕ್ಕೆ ಅಂಟಿಕೊಂಡರೆ ಮೆಷಿನ್ ಅದನ್ನೂ ಆಕ್ಸಿಜನ್ ಅಂತಲೇ ಎಣಿಸುತ್ತದೆ. ಮನುಷ್ಯ ಪ್ರಜ್ಞೆ ತಪ್ಪಿರುತ್ತಾನೆ, ತೆರೆಯಲ್ಲಿ 99 ಇರುತ್ತದೆ. ಸ್ನಾನಕ್ಕೆ ಹೋದವರು ಕರೆದರೆ ಮಾತಾಡದಿದ್ದರೆ, ಒಂದೇ ಕೋಣೆಯಲ್ಲಿದ್ದವರಿಗೆಲ್ಲ ತಲೆನೋವು, ವಾಕರಿಕೆ ಬಂದರೆ ಮೊದಲು ಬಾಗಿಲು ಕಿಟಕಿ ತೆಗೆದು ಹೊರಗೆ ಕರೆತನ್ನಿ. ರಕ್ತಹೀನತೆ ಇರುವವರಲ್ಲೂ ಅಂಕಿ ಚೆನ್ನಾಗೇ ಬರುತ್ತದೆ. ಇರುವ ರಕ್ತದಲ್ಲಿ ಆಕ್ಸಿಜನ್ ತುಂಬಿದೆ ಅಂತ ಅದು ಹೇಳುತ್ತದೆ, ರಕ್ತ ಎಷ್ಟಿದೆ ಅಂತ ಹೇಳುವುದಿಲ್ಲ.

ಫೋನ್ ಮಾಡುವಾಗ

ಕುಸಿದು ಬಿದ್ದವರು ಅಲುಗಾಡಿಸಿದರೂ ಏಳದೆ, ಉಸಿರಾಡದೆ ಅಥವಾ ಆಗೊಮ್ಮೆ ಈಗೊಮ್ಮೆ ಗೊರಗೊರ ಅಂತ ಎಳೆಯುತ್ತಾ ಇದ್ದರೆ ನಾಡಿ ಹುಡುಕುತ್ತಾ ಕೂರಬೇಡಿ. ಆಕ್ಸಿಮೀಟರ್ ತರಲು ಓಡಬೇಡಿ. ಒಬ್ಬರು 108ಕ್ಕೆ ಫೋನ್ ಮಾಡಲಿ. ಇನ್ನೊಬ್ಬರು ಎದೆಯ ನಡುವೆ ಎರಡೂ ಕೈ ಇಟ್ಟು, ನಿಮಿಷಕ್ಕೆ 100ರಿಂದ 120 ಸಲ, ಐದು ಸೆಂಟಿಮೀಟರ್ ಇಳಿಯುವಷ್ಟು ಒತ್ತಲು ಶುರು ಮಾಡಲಿ.

ಉಸಿರು 30ರ ಹತ್ತಿರ ಹೋದರೆ, ಆಕ್ಸಿಜನ್ 90ಕ್ಕಿಂತ ಇಳಿದರೆ, ಕೂತಲ್ಲೇ ನಾಡಿ 130 ದಾಟಿದರೆ ಅಥವಾ 40ಕ್ಕೆ ಇಳಿದರೆ, ಮಾತು ತಪ್ಪಿದರೆ, ಎದೆ ಹಿಡಿದುಕೊಂಡರೆ ಕೂಡಲೇ 108. ಅಷ್ಟು ತುರ್ತು ಅಲ್ಲ, ಆದರೂ ಕೇಳಬೇಕು ಅನ್ನಿಸಿದರೆ 104 ಆರೋಗ್ಯ ಸಹಾಯವಾಣಿ ಇದೆ.

ಫೋನಿನಲ್ಲಿ "ತುಂಬಾ ಸೀರಿಯಸ್, ಬೇಗ ಬನ್ನಿ" ಅನ್ನುವುದಕ್ಕಿಂತ ಹೀಗೆ ಹೇಳಿ: "68 ವರ್ಷ, ಹೆಂಗಸು. ಮೂರು ದಿನದಿಂದ ಜ್ವರ, ಕೆಮ್ಮು. ಈಗ ನಾಡಿ 112, ಉಸಿರು 28, ಆಕ್ಸಿಜನ್ 89. ಸಂಜೆ 94 ಇತ್ತು. ಮಾಮೂಲಿ 98." ಆಮೇಲೆ ಮನೆಯ ಗುರುತು, ಅರಳಿಕಟ್ಟೆಯೋ ಹಾಲಿನ ಡೇರಿಯೋ, ಹೇಳಿ. ಕ್ಯಾಲೆಂಡರ್ ಗೋಡೆಯಿಂದ ತೆಗೆದು ಜೊತೆಗೇ ಇಟ್ಟುಕೊಳ್ಳಿ. ಒಬ್ಬರು ಟಾರ್ಚ್ ಹಿಡಿದು ರಸ್ತೆಗೆ ಹೋಗಿ ನಿಲ್ಲಲಿ.